ಒಪ್ಪಂದವೂ ದೈವರಾಜಕವೂ: ಕರಾರುಗಳಲ್ಲಿನ ಅನಿವಾರ್ಯಘಟನಾ ವಿಧಿಯ ವಿಚಾರ

೧

ಕೊಟ್ಟ ಮಾತನ್ನು ನಡೆಸಬೇಕೆಂಬುದು ಎಲ್ಲ ಸಮಾಜಗಳೂ ಒಪ್ಪಿರುವ ಧರ್ಮ. ಹುಲಿಗೆ ಕೊಟ್ಟ ಮಾತನ್ನು ಉಳಿಸಿಕೊಳ್ಳಲು ಹಿಂದಿರುಗಿ ಬಂದ ಪುಣ್ಯಕೋಟಿಯ ಕಥೆಯನ್ನು ಕೇಳಿ ಬೆಳೆದ ಕನ್ನಡಿಗರಿಗೆ ಇದನ್ನು ವಿಸ್ತರಿಸಿ ಹೇಳಬೇಕಾದುದಿಲ್ಲ. ಆದರೆ ನಡೆಸುವ ಮನಸ್ಸಿದ್ದೂ ನಡೆಸಲಾಗದಂತೆ, ಮನುಷ್ಯನ ಅಳವಿಗೆ ಮೀರಿದ ಶಕ್ತಿಯೊಂದು ನಡುವೆ ಅಡ್ಡಬಂದರೆ, ಆಗ ಕೊಟ್ಟ ಮಾತಿನ ಗತಿಯೇನು? ಮಾತು ಕೊಟ್ಟವನು ತಪ್ಪಿದವನೆನಿಸುವನೆ? ಅವನ ಮಾತನ್ನು ನಂಬಿ ಹಣ ತೆತ್ತವನು ಆ ಹಣವನ್ನು ಕಳೆದುಕೊಳ್ಳಬೇಕೆ?

ಒಂದು ನಿದರ್ಶನವನ್ನು ತೆಗೆದುಕೊಳ್ಳೋಣ. ದೊಡ್ಡಬಳ್ಳಾಪುರದ ಕಡೆಯ ಒಂದು ದ್ರಾಕ್ಷಿಯ ತೋಟ. ಹಣ್ಣು ಬಲಿಯುವುದಕ್ಕೆ ಮೊದಲೇ ವ್ಯಾಪಾರಿಯೊಬ್ಬನು ಬಂದು, ಫಸಲನ್ನು ಕಣ್ಣಳತೆಯಿಂದ ನೋಡಿ, ಬೆಲೆಯನ್ನು ನಿಷ್ಕರ್ಷೆ ಮಾಡಿ, ಮುಂಗಡವನ್ನು ಕೊಟ್ಟು ಹೋಗುತ್ತಾನೆ. ಬೇಸಗೆಯ ಒಂದು ಸಂಜೆ ಆಲಿಕಲ್ಲಿನ ಮಳೆ ಸುರಿದು ಗೊಂಚಲುಗಳೆಲ್ಲ ನೆಲದ ಪಾಲಾಗುತ್ತವೆ. ಮರುದಿನ ವ್ಯಾಪಾರಿಯು ಮುಂಗಡವನ್ನು ಹಿಂದಕ್ಕೆ ಕೇಳುತ್ತಾನೆ. ರೈತನು ಉಳಿದ ಬಾಕಿಯನ್ನು ಕೇಳುತ್ತಾನೆ. ಇಬ್ಬರಲ್ಲಿ ಯಾರೂ ಸುಳ್ಳು ಹೇಳುತ್ತಿಲ್ಲ, ಯಾರದೂ ತಪ್ಪಿಲ್ಲ. ಆದರೂ ನಷ್ಟವು ಇಬ್ಬರಲ್ಲೊಬ್ಬರ ಮನೆಯನ್ನು ಹೊಕ್ಕೇ ತೀರಬೇಕು. ಯಾರ ಮನೆಯನ್ನು ಎಂಬುದೇ ಪ್ರಶ್ನೆ.

ಈ ಪ್ರಶ್ನೆಗೆ ಮುಂಚಿತವಾಗಿಯೇ ಉತ್ತರವನ್ನು ಬರೆದಿಡುವ ಕರಾರಿನ ಭಾಗಕ್ಕೆ ನ್ಯಾಯಶಾಸ್ತ್ರಜ್ಞರು ‘ಫೋರ್ಸ್ ಮಜೂರ್’ ವಿಧಿಯೆಂದು ಹೆಸರಿಟ್ಟಿದ್ದಾರೆ. ಇದು ಫ್ರೆಂಚ್ ಭಾಷೆಯ ಮಾತು. ‘ಮೇಲಾದ ಬಲ’ ಎಂಬುದು ಇದರ ಶಬ್ದಾರ್ಥ. ನಾವು ಇದನ್ನು ಈ ಲೇಖನದಲ್ಲಿ ಅನಿವಾರ್ಯಘಟನಾ ವಿಧಿ ಎಂದು ಕರೆಯುವೆವು. ದೊಡ್ಡಬಳ್ಳಾಪುರ, ದೇವನಹಳ್ಳಿ, ಹೊಸಕೋಟೆ, ನೆಲಮಂಗಲ ಎಂಬ ನಾಲ್ಕು ತಾಲ್ಲೂಕುಗಳಲ್ಲಿ ಕಳೆದ ಕೆಲವು ದಶಕಗಳಿಂದ ಹೊಲವು ನಿವೇಶನವಾಗುತ್ತ, ಮನೆಯ ಮಗ್ಗವು ಕಾರ್ಖಾನೆಯಾಗುತ್ತ, ಬಾಯಿಮಾತಿನ ವ್ಯವಹಾರವು ಕಾಗದದ ಕರಾರಾಗುತ್ತ ಬಂದಿದೆ. ನಮ್ಮ ವಿದ್ಯಾರ್ಥಿಗಳಲ್ಲಿ ಅನೇಕರ ಮನೆಗಳಲ್ಲಿ ಇಂಥ ಕಾಗದಗಳಿವೆ. ಆದರೆ ಅವುಗಳ ಕೊನೆಯ ಪುಟಗಳನ್ನು ಓದುವವರು ವಿರಳ. ಚರಿತ್ರೆಯ ಅಧ್ಯಾಪಕರು ನ್ಯಾಯದ ವಿಷಯಕ್ಕೆ ಕೈಹಾಕಿದರೆಂದು ವಾಚಕರು ಆಕ್ಷೇಪಿಸಬಾರದು. ಈ ವಿಧಿಯು ನಿನ್ನೆ ಹುಟ್ಟಿದುದಲ್ಲ. ಇದರ ಚರಿತ್ರೆಯನ್ನರಿಯದೆ ಇದರ ಅರ್ಥವೂ ಪೂರ್ಣವಾಗಿ ತಿಳಿಯದು.

೨

ನಮ್ಮ ಪೂರ್ವಿಕರು ಈ ಪ್ರಶ್ನೆಯನ್ನು ಚೆನ್ನಾಗಿ ಆಲೋಚಿಸಿದ್ದರು. ಅತಿವೃಷ್ಟಿ, ಅನಾವೃಷ್ಟಿ, ಇಲಿ, ಮಿಡತೆ, ಗಿಳಿ, ಹತ್ತಿರದ ಶತ್ರುರಾಜರು ಎಂಬ ಆರನ್ನು ಅವರು ಈತಿಬಾಧೆಗಳೆಂದು ಎಣಿಸಿದರು. ನಿಸರ್ಗದ ಕೋಪವನ್ನೂ ಅರಸರ ದಂಡನ್ನೂ ಒಂದೇ ಸಾಲಿನಲ್ಲಿಟ್ಟಿರುವುದನ್ನು ಇಲ್ಲಿ ಗಮನಿಸಬೇಕು. ರೈತನ ದೃಷ್ಟಿಯಿಂದ ಎರಡೂ ಒಂದೇ: ಎರಡನ್ನೂ ಅವನು ತಡೆಯಲಾರ.

ಧರ್ಮಶಾಸ್ತ್ರದಲ್ಲಿ ಇದಕ್ಕೆ ‘ರಾಜದೈವಿಕ’ ಅಥವಾ ‘ದೈವರಾಜಕೃತ’ ಎಂಬ ಪಾರಿಭಾಷಿಕ ಪದವಿದೆ. ಯಾಜ್ಞವಲ್ಕ್ಯ ಸ್ಮೃತಿಯ ವ್ಯವಹಾರಾಧ್ಯಾಯದಲ್ಲಿ ಒತ್ತೆಯಿಟ್ಟ ವಸ್ತು, ನಿಕ್ಷೇಪವಾಗಿ ಕೊಟ್ಟ ವಸ್ತು, ಹೊತ್ತು ಸಾಗಿಸಲು ಒಪ್ಪಿಸಿದ ಸರಕು, ಈ ಮೂರು ಪ್ರಸಂಗಗಳಲ್ಲಿಯೂ ಈ ತತ್ತ್ವವು ಬರುತ್ತದೆ. ವಸ್ತುವು ದೈವದಿಂದಲೋ ರಾಜನಿಂದಲೋ ನಾಶವಾದರೆ ಇಟ್ಟುಕೊಂಡವನು ತೆರಬೇಕಾಗಿಲ್ಲ; ಅನ್ಯಥಾ ನಾಶವಾದರೆ ತೆರಬೇಕು. ಈ ಸ್ಮೃತಿಗೆ ಮಿತಾಕ್ಷರಾ ಎಂಬ ಪ್ರಖ್ಯಾತ ವ್ಯಾಖ್ಯಾನವನ್ನು ರಚಿಸಿದ ವಿಜ್ಞಾನೇಶ್ವರನು, ಚಾಲುಕ್ಯ ಚಕ್ರವರ್ತಿ ಆರನೆಯ ವಿಕ್ರಮಾದಿತ್ಯನ (೧೦೭೬–೧೧೨೬) ಕಾಲದಲ್ಲಿ ಕಲ್ಯಾಣದಲ್ಲಿ, ಅಂದರೆ ಇಂದಿನ ಬಸವಕಲ್ಯಾಣದಲ್ಲಿ ಇದ್ದವನು. ಆದಕಾರಣ ಈ ವಿಚಾರವು ಕನ್ನಡ ನಾಡಿಗೆ ಹೊರಗಿನಿಂದ ಬಂದುದೆಂದು ಯಾರೂ ಭಾವಿಸಬೇಕಾಗಿಲ್ಲ.

ಸ್ಮೃತಿಕಾರನು ಇಷ್ಟಕ್ಕೆ ನಿಲ್ಲಿಸಲಿಲ್ಲ. ನಿಕ್ಷೇಪವನ್ನು ಇಟ್ಟವನು ಬಂದು ಕೇಳಿದಾಗ ಕೊಡದೆ, ಅನಂತರ ಅದು ನಾಶವಾದರೆ, ಇಟ್ಟುಕೊಂಡವನು ಅದರ ಬೆಲೆಯನ್ನೂ ಅಷ್ಟೇ ದಂಡವನ್ನೂ ತೆರಬೇಕೆಂದು ಆತನು ವಿಧಿಸಿದನು. ಅಂದರೆ, ತಾನಾಗಿಯೇ ಮೊದಲು ತಪ್ಪಿದವನಿಗೆ ಆಮೇಲೆ ದೈವದ ಹೆಸರನ್ನು ಹೇಳಿ ಪಾರಾಗುವ ಅಧಿಕಾರವಿಲ್ಲ. ಈ ಒಂದು ಸೂಕ್ಷ್ಮವನ್ನು ವಾಚಕರು ನೆನಪಿನಲ್ಲಿಡಬೇಕು. ಒಂಬೈನೂರು ವರ್ಷಗಳ ಈಚೆಗೂ ಇದು ನಮಗೆ ಮತ್ತೆ ಎದುರಾಗುವುದು.

ಕೌಟಿಲ್ಯನ ಅರ್ಥಶಾಸ್ತ್ರದಲ್ಲಿ ಈ ವಿನಾಯಿತಿಯು ಇನ್ನೂ ವಿವರವಾಗಿದೆ. ಮೈಸೂರಿನ ಪ್ರಾಚ್ಯ ಪುಸ್ತಕಾಲಯಕ್ಕೆ ಬಂದ ಓಲೆಯ ಪ್ರತಿಯನ್ನು ಗುರುತಿಸಿ, ಆರ್. ಶಾಮಶಾಸ್ತ್ರಿಗಳು ೧೯೦೯ರಲ್ಲಿ ಅಚ್ಚುಹಾಕಿಸಿದ ಈ ಗ್ರಂಥದಲ್ಲಿ, ಉಪನಿಧಿಯನ್ನು ಹಿಂದಿರುಗಿಸಬೇಕಾಗಿಲ್ಲದ ಸಂದರ್ಭಗಳ ಪಟ್ಟಿಯೊಂದಿದೆ: ಶತ್ರುಸೈನ್ಯವು ಅಥವಾ ಕಾಡಿನ ಪಡೆಯು ನಾಡನ್ನು ಹಾಳುಮಾಡಿದಾಗ, ಊರಿನ ನಡುವೆ ಬೆಂಕಿಯೋ ನೀರೋ ನುಗ್ಗಿದಾಗ, ದೋಣಿ ಮುಳುಗಿದಾಗ ಅಥವಾ ಸುಲಿಗೆಯಾದಾಗ. ಇಂದಿನ ಕರಾರುಗಳಲ್ಲಿ ಕಾಣುವ ಯುದ್ಧ, ದಂಗೆ, ಬೆಂಕಿ, ಪ್ರವಾಹ ಎಂಬ ಪಟ್ಟಿಗೂ ಇದಕ್ಕೂ ಇರುವ ಸಾಮ್ಯವು ಆಶ್ಚರ್ಯಕರವಾದುದು. ಒಂದು ಪಟ್ಟಿಯು ಮತ್ತೊಂದರಿಂದ ಹುಟ್ಟಿತೆಂದು ನಾವು ಹೇಳುವುದಿಲ್ಲ. ಮನುಷ್ಯನಿಗೆ ಬರುವ ಕಷ್ಟಗಳು ಎಲ್ಲೆಡೆಯೂ ಒಂದೇ ಆದುದರಿಂದ ಪಟ್ಟಿಗಳೂ ಒಂದೇ ಆದುವು.

೩

ಆಂಗ್ಲ ನ್ಯಾಯಾಲಯಗಳು ಬಹುಕಾಲ ಇದಕ್ಕೆ ವಿರುದ್ಧವಾದ ಕಠಿಣ ಮಾರ್ಗವನ್ನು ಹಿಡಿದಿದ್ದುವು. ೧೬೪೭ರಲ್ಲಿ ತೀರ್ಮಾನವಾದ ಪ್ಯಾರಡೈನ್ ಮತ್ತು ಜೇನ್ ವ್ಯಾಜ್ಯದಲ್ಲಿ, ಅಂತರ್ಯುದ್ಧದ ಸಮಯದಲ್ಲಿ ಶತ್ರುಸೈನ್ಯವು ತನ್ನನ್ನು ಭೂಮಿಯಿಂದ ಹೊರಗಟ್ಟಿದುದರಿಂದ ಗೇಣಿಯನ್ನು ಕೊಡಲಾರೆನೆಂದು ಗೇಣಿದಾರನೊಬ್ಬನು ವಾದಿಸಿದನು. ನ್ಯಾಯಾಲಯವು ಒಪ್ಪಲಿಲ್ಲ. ತಾನಾಗಿಯೇ ಹೊಣೆಯನ್ನು ಹೊತ್ತವನು, ಬೇಕಾಗಿದ್ದರೆ ಅದಕ್ಕೆ ವಿನಾಯಿತಿಯನ್ನು ಕರಾರಿನಲ್ಲಿಯೇ ಬರೆಸಿಕೊಳ್ಳಬೇಕಾಗಿತ್ತು ಎಂಬುದು ಅದರ ನ್ಯಾಯ. ಅನಿವಾರ್ಯಘಟನಾ ವಿಧಿಯನ್ನು ಬರೆಯುವ ಪದ್ಧತಿಯು ಬಲಗೊಳ್ಳಲು ಈ ಕಠೋರತೆಯೂ ಒಂದು ಕಾರಣ.

ಈ ತೀರ್ಪನ್ನು ನಮ್ಮ ನೆಲದ ಮೇಲೆ ಇಟ್ಟು ನೋಡಿದರೆ ಅದರ ಕಾಠಿನ್ಯವು ಮನದಟ್ಟಾಗುತ್ತದೆ. ೧೭೬೮ರಲ್ಲಿ ಹೊಸಕೋಟೆಯ ಬಳಿ ಬೀಡುಬಿಟ್ಟಿದ್ದ ಇಂಗ್ಲಿಷರ ಮತ್ತು ಅವರ ಮಿತ್ರರ ದಂಡಿನ ಮೇಲೆ ಹೈದರಾಲಿಯು ರಾತ್ರಿಯಲ್ಲಿ ದಾಳಿಮಾಡಿದನು. ೧೭೯೧ರ ಮಾರ್ಚ್ ೨೧ರಂದು ಬೆಂಗಳೂರಿನ ಕೋಟೆಯನ್ನು ಹಿಡಿದ ಕಾರ್ನ್‌ವಾಲಿಸನ ಸೈನ್ಯವು ಅನಂತರ ದೇವನಹಳ್ಳಿಯ ಕಡೆಗೆ ಸಾಗಿತು. ದಂಡು ನಡೆದ ದಾರಿಯಲ್ಲಿ ಹೊಲವನ್ನು ಗುತ್ತಿಗೆಗೆ ಹಿಡಿದಿದ್ದವನಿಗೆ, ವಿನಾಯಿತಿಯನ್ನು ಮೊದಲೇ ಬರೆಸಿಕೊಳ್ಳಬೇಕಾಗಿತ್ತೆಂಬ ಉತ್ತರವು ಎಷ್ಟರ ಸಮಾಧಾನವನ್ನು ಕೊಟ್ಟೀತು? ಕ್ಷಾಮದ ಕಾಲವೂ ಹಾಗೆಯೇ. ೧೮೭೧ರ ಗಣತಿಯಲ್ಲಿ ಐವತ್ತು ಲಕ್ಷಕ್ಕಿಂತ ಹೆಚ್ಚಾಗಿದ್ದ ಮೈಸೂರು ಸಂಸ್ಥಾನದ ಜನಸಂಖ್ಯೆಯು, ೧೮೭೬–೭೮ರ ಮಹಾಕ್ಷಾಮದ ತರುವಾಯ ೧೮೮೧ರ ಗಣತಿಯಲ್ಲಿ ಸುಮಾರು ನಲವತ್ತೆರಡು ಲಕ್ಷಕ್ಕೆ ಇಳಿದಿತ್ತು. ಅಂಥ ಸಮಯದಲ್ಲಿ ವಾರದ ಪದ್ಧತಿಗೂ ಕಟ್ಟುಗುತ್ತಿಗೆಗೂ ಇರುವ ಭೇದವು ಬದುಕು ಸಾವುಗಳ ಭೇದವಾಗುತ್ತದೆ. ವಾರದಲ್ಲಿ ಬೆಳೆದುದನ್ನು ಹಂಚಿಕೊಳ್ಳುವುದರಿಂದ ನಷ್ಟವೂ ತಾನಾಗಿ ಹಂಚಿಹೋಗುವುದು. ಕಟ್ಟುಗುತ್ತಿಗೆಯಲ್ಲಿ ಬೆಳೆ ಬರಲಿ ಬಾರದಿರಲಿ ಒಕ್ಕಲಿನವನು ಗೊತ್ತಾದ ಮೊತ್ತವನ್ನು ತೆರಬೇಕು. ವಾರವೆಂಬುದು ಬರೆಯದಿದ್ದರೂ ಇರುವ ಒಂದು ಅನಿವಾರ್ಯಘಟನಾ ವಿಧಿಯೆಂದರೆ ತಪ್ಪಾಗದು.

ಆಂಗ್ಲ ನ್ಯಾಯವು ೧೮೬೩ರಲ್ಲಿ ಸ್ವಲ್ಪ ಮೆತ್ತಗಾಯಿತು. ಲಂಡನ್ನಿನ ಸಂಗೀತಶಾಲೆಯೊಂದನ್ನು ನಾಲ್ಕು ದಿನಗಳ ಕಚೇರಿಗಳಿಗಾಗಿ ಒಬ್ಬರು ಗೊತ್ತುಮಾಡಿಕೊಂಡಿದ್ದರು. ಮೊದಲನೆಯ ಕಚೇರಿಗೆ ಮುಂಚೆಯೇ ಅದು ಬೆಂಕಿಗೆ ಆಹುತಿಯಾಯಿತು. ಯಾವ ವಸ್ತುವು ಇದ್ದರೆ ಮಾತ್ರ ಕರಾರು ನಡೆಯುವುದೋ ಆ ವಸ್ತುವೇ ಯಾರ ತಪ್ಪೂ ಇಲ್ಲದೆ ನಾಶವಾದರೆ, ಇಬ್ಬರೂ ಹೊಣೆಯಿಂದ ಬಿಡುಗಡೆಯಾಗುವರೆಂದು ಟೇಲರ್ ಮತ್ತು ಕಾಲ್ಡ್‌ವೆಲ್ ವ್ಯಾಜ್ಯದಲ್ಲಿ ತೀರ್ಪಾಯಿತು. ೧೮೭೬ರ ಮತ್ತೊಂದು ವ್ಯಾಜ್ಯವು ನಮ್ಮ ದ್ರಾಕ್ಷಿಯ ತೋಟಕ್ಕೆ ಇನ್ನೂ ಹತ್ತಿರವಾದುದು. ಗೊತ್ತಾದ ಹೊಲದಲ್ಲಿ ಬೆಳೆಯುವ ೨೦೦ ಟನ್ ಆಲೂಗೆಡ್ಡೆಯನ್ನು ಕೊಡುವೆನೆಂದು ರೈತನೊಬ್ಬನು ಒಪ್ಪಿದ್ದನು. ರೋಗ ತಗುಲಿ ಸುಮಾರು ೮೦ ಟನ್ ಮಾತ್ರ ಬಂದಿತು. ಬೆಳೆಯು ಇಂಥ ಹೊಲದ್ದೇ ಎಂದು ಗೊತ್ತಾಗಿದ್ದುದರಿಂದ ಉಳಿದುದಕ್ಕೆ ಆತನು ಹೊಣೆಗಾರನಲ್ಲವೆಂದು ನ್ಯಾಯಾಲಯವು ಹೇಳಿತು.

೪

ಭಾರತದಲ್ಲಿ ಈ ವಿಷಯವನ್ನು ಆಳುವುದು ೧೮೭೨ರ ಕರಾರು ಅಧಿನಿಯಮ. ಅದರ ೫೬ನೆಯ ಪ್ರಕರಣದಂತೆ, ಕರಾರು ಆದ ಮೇಲೆ ಅದರ ಕಾರ್ಯವು ಅಸಾಧ್ಯವಾದರೆ, ಅಥವಾ ಮಾತು ಕೊಟ್ಟವನು ತಡೆಯಲಾಗದ ಘಟನೆಯಿಂದ ಕಾನೂನಿಗೆ ವಿರುದ್ಧವಾದರೆ, ಕರಾರು ಶೂನ್ಯವಾಗುವುದು. ಕರಾರಿನಲ್ಲಿಯೇ ಇಂಥ ಘಟನೆಯ ವಿಚಾರವನ್ನು ಬರೆದಿದ್ದರೆ ೩೨ನೆಯ ಪ್ರಕರಣವು ಅನ್ವಯಿಸುವುದು. ಆಗ ಬರೆದ ಮಾತಿನಂತೆ ನಡೆಯಬೇಕು. ಕರಾರು ಶೂನ್ಯವಾದಲ್ಲಿ, ಅದರಿಂದ ಲಾಭ ಪಡೆದವನು ಅದನ್ನು ಹಿಂದಿರುಗಿಸಬೇಕು ಅಥವಾ ಪರಿಹಾರ ಕೊಡಬೇಕು ಎಂಬುದು ೬೫ನೆಯ ಪ್ರಕರಣದ ಆಜ್ಞೆ. ಈ ಮೂರು ಪ್ರಕರಣಗಳನ್ನು ಒಟ್ಟಿಗೆ ಓದಿದರೆ ವಿಷಯದ ಚೌಕಟ್ಟು ದೊರೆಯುತ್ತದೆ.

‘ಅಸಾಧ್ಯ’ವೆಂದರೆ ಎಷ್ಟು ಅಸಾಧ್ಯ? ಇದಕ್ಕೆ ಸರ್ವೋಚ್ಚ ನ್ಯಾಯಾಲಯವು ಸತ್ಯವ್ರತ ಘೋಷ್ ಮತ್ತು ಮಗ್ನೀರಾಮ್ ಬಾಂಗುರ್ ವ್ಯಾಜ್ಯದಲ್ಲಿ ಉತ್ತರ ಕೊಟ್ಟಿತು. ೧೯೪೦ರಲ್ಲಿ ಕಲ್ಕತ್ತೆಯ ಬಡಾವಣೆಯೊಂದರಲ್ಲಿ ನಿವೇಶನವನ್ನು ಕೊಳ್ಳುವ ಕರಾರಾಗಿತ್ತು. ೧೯೪೧ರಲ್ಲಿ ಯುದ್ಧದ ಕಾರಣ ಸರ್ಕಾರವು ಆ ಭೂಮಿಯನ್ನು ವಶಪಡಿಸಿಕೊಂಡಿತು. ಕರಾರು ಮುಗಿದಂತೆಯೇ ಎಂದು ಕಂಪನಿಯು ವಾದಿಸಿತು. ಅಸಾಧ್ಯತೆಯೆಂದರೆ ಅಕ್ಷರಶಃ ಅಸಾಧ್ಯತೆಯೇ ಆಗಬೇಕಾಗಿಲ್ಲ, ಕರಾರಿನ ತಳಹದಿಯೇ ಕುಸಿದರೆ ಸಾಕು ಎಂದು ನ್ಯಾಯಮೂರ್ತಿ ಬಿ. ಕೆ. ಮುಖರ್ಜಿಯವರು ವಿವರಿಸಿದರು. ಆದರೆ ಈ ಕರಾರಿನಲ್ಲಿ ಕಾಲಮಿತಿಯಿರಲಿಲ್ಲ, ಯುದ್ಧಕಾಲದಲ್ಲಿ ತಡವಾಗುವುದು ನಿರೀಕ್ಷಿತವೇ ಆಗಿತ್ತು; ಆದ್ದರಿಂದ ತಳಹದಿಯು ಕುಸಿದಿಲ್ಲವೆಂದು ಕೊಳ್ಳುವವನ ಪರವಾಗಿ ತೀರ್ಪಾಯಿತು.

ಕಷ್ಟವು ಬೇರೆ, ಅಸಾಧ್ಯವು ಬೇರೆ. ಯುದ್ಧದಿಂದ ಬೆಲೆಗಳು ಏರಿದುವೆಂದು, ಸೈನ್ಯಕ್ಕೆ ತುಪ್ಪವನ್ನು ಒದಗಿಸುತ್ತಿದ್ದವರು ಹೆಚ್ಚಿನ ದರವನ್ನು ಕೇಳಿದಾಗ, ಸರ್ವೋಚ್ಚ ನ್ಯಾಯಾಲಯವು ೧೯೬೦ರಲ್ಲಿ ಅದನ್ನು ಒಪ್ಪಲಿಲ್ಲ. ಇಂಡೊನೇಷ್ಯದ ಕಾನೂನು ಬದಲಾಗಿ ಕಲ್ಲಿದ್ದಲಿನ ಬೆಲೆಯೇರಿತೆಂದು ವಿದ್ಯುತ್ ಕಂಪನಿಗಳು ಇದೇ ವಿಧಿಯ ಆಶ್ರಯವನ್ನು ಕೋರಿದಾಗ, ೨೦೧೭ರಲ್ಲಿ ಅದೇ ಉತ್ತರ ದೊರೆಯಿತು. ಲಾಭ ಕಡಮೆಯಾದುದು ದೈವಕೋಪವಲ್ಲ.

ಭೂಮಿಯ ಗುತ್ತಿಗೆಗೆ ಪ್ರತ್ಯೇಕವಾದ ಕಾನೂನಿದೆ. ೧೮೮೨ರ ಸ್ವತ್ತು ವರ್ಗಾವಣೆ ಅಧಿನಿಯಮದ ೧೦೮ನೆಯ ಪ್ರಕರಣದಲ್ಲಿ, ಬೆಂಕಿ, ಬಿರುಗಾಳಿ, ಪ್ರವಾಹ, ಸೈನ್ಯದ ಅಥವಾ ಗುಂಪಿನ ಹಿಂಸೆ, ಅಥವಾ ತಡೆಯಲಾಗದ ಬೇರೆ ಬಲದಿಂದ ಸ್ವತ್ತಿನ ಮುಖ್ಯಭಾಗವು ನಾಶವಾದರೆ ಅಥವಾ ಶಾಶ್ವತವಾಗಿ ನಿರುಪಯೋಗಿಯಾದರೆ, ಗುತ್ತಿಗೆಯನ್ನು ರದ್ದುಮಾಡಿಕೊಳ್ಳುವ ಹಕ್ಕು ಗುತ್ತಿಗೆದಾರನಿಗೆ ಉಂಟು. ೧೬೪೭ರಲ್ಲಿ ಆಂಗ್ಲ ಗೇಣಿದಾರನಿಗೆ ದೊರೆಯದ ರಕ್ಷಣೆಯ ಒಂದಂಶವು ಇಲ್ಲಿ ದೊರೆಯಿತು. ಆದರೆ ಗುತ್ತಿಗೆಗೆ ೫೬ನೆಯ ಪ್ರಕರಣವು ಅನ್ವಯಿಸದೆಂದು ೧೯೬೮ರಲ್ಲಿ ಸರ್ವೋಚ್ಚ ನ್ಯಾಯಾಲಯವು ಸ್ಪಷ್ಟಪಡಿಸಿತು. ಅದು ದೇಶವಿಭಜನೆಯಿಂದ ಪಾಕಿಸ್ತಾನಕ್ಕೆ ಸೇರಿಹೋದ ಹೊಲಗಳಿಗೆ ಕೊಟ್ಟ ಗುತ್ತಿಗೆಯ ಹಣವನ್ನು ಹಿಂದಕ್ಕೆ ಕೇಳಿದವರ ವ್ಯಾಜ್ಯ. ಅವರಿಗೆ ಹಣ ದೊರೆಯಲಿಲ್ಲ.

೫

ಇನ್ನು ವಿಧಿಯ ಅಂಗಗಳನ್ನು ನೋಡೋಣ. ಚೆನ್ನಾಗಿ ಬರೆದ ಅನಿವಾರ್ಯಘಟನಾ ವಿಧಿಯಲ್ಲಿ ಐದು ವಿಷಯಗಳಿರುತ್ತವೆ. ಮೊದಲನೆಯದು ಘಟನೆಗಳ ಪಟ್ಟಿ. ದೈವಕೃತ್ಯಕ್ಕಿಂತ ಇದರ ವ್ಯಾಪ್ತಿ ಹೆಚ್ಚಿನದು; ಯುದ್ಧ, ಮುಷ್ಕರ, ಸರ್ಕಾರದ ನಿಷೇಧಾಜ್ಞೆ ಇವೂ ಇದರಲ್ಲಿ ಸೇರಬಹುದೆಂದು ೧೯೬೧ರಲ್ಲಿಯೇ ಸರ್ವೋಚ್ಚ ನ್ಯಾಯಾಲಯವು ಹೇಳಿದೆ. ಎರಡನೆಯದು ಕಾರ್ಯಕಾರಣ ಸಂಬಂಧ: ಘಟನೆಯು ನಡೆದುದಷ್ಟೇ ಸಾಲದು, ಅದರಿಂದಲೇ ಕೆಲಸವು ನಿಂತಿತೆಂದು ತೋರಿಸಬೇಕು. ಮೂರನೆಯದು ತಿಳಿವಳಿಕೆ ಪತ್ರ: ಇಷ್ಟು ದಿನಗಳೊಳಗೆ ಎದುರು ಪಕ್ಷಕ್ಕೆ ಬರೆದು ತಿಳಿಸಬೇಕೆಂದಿರುತ್ತದೆ. ನ್ಯಾಯವಾದ ಕಾರಣವಿದ್ದೂ ಈ ಒಂದು ಪತ್ರವನ್ನು ಬರೆಯದೆ ಸೋಲುವವರುಂಟು. ನಾಲ್ಕನೆಯದು ಪ್ರಯತ್ನ: ನಷ್ಟವನ್ನು ತಗ್ಗಿಸಲು ತಕ್ಕ ಯತ್ನವನ್ನು ಮಾಡಿರಬೇಕು. ಐದನೆಯದು ಫಲ: ಸಾಮಾನ್ಯವಾಗಿ ಹೊಣೆಯು ಅಳಿಯುವುದಿಲ್ಲ, ಘಟನೆಯು ಇರುವವರೆಗೆ ಅಮಾನತಿನಲ್ಲಿರುತ್ತದೆ, ಬಹುಕಾಲ ಮುಂದುವರಿದರೆ ಮಾತ್ರ ಕರಾರನ್ನು ಮುಗಿಸಬಹುದು. ಹಣವನ್ನು ಕೊಡಬೇಕಾದ ಹೊಣೆಯನ್ನು ಅನೇಕ ಕರಾರುಗಳು ಈ ವಿನಾಯಿತಿಯಿಂದ ಹೊರಗಿಡುತ್ತವೆ.

ಈ ಅಂಗಗಳೆಲ್ಲವೂ ೨೦೨೦ರಲ್ಲಿ ಒಮ್ಮೆಲೇ ಪರೀಕ್ಷೆಗೆ ಬಂದುವು. ಆ ವರ್ಷದ ಫೆಬ್ರವರಿ ೧೯ರಂದು ಕೇಂದ್ರ ಹಣಕಾಸು ಸಚಿವಾಲಯವು, ಕೊರೋನಾ ವ್ಯಾಧಿಯಿಂದ ಸರಕಿನ ಪೂರೈಕೆಗೆ ಬಂದ ಅಡ್ಡಿಯನ್ನು ನೈಸರ್ಗಿಕ ವಿಪತ್ತಾಗಿ ಪರಿಗಣಿಸಿ, ಕ್ರಮವರಿತು ಈ ವಿಧಿಯನ್ನು ಬಳಸಬಹುದೆಂದು ಸರ್ಕಾರಿ ಖರೀದಿಗಳ ಬಗ್ಗೆ ತಿಳಿಸಿತು. ಮಾರ್ಚ್ ೨೫ರಿಂದ ದೇಶವೆಲ್ಲ ಸ್ತಬ್ಧವಾಯಿತು. ೨೦೦೮ರ ಮೇ ೨೪ರಂದು ಆರಂಭವಾದಂದಿನಿಂದ ಹಗಲಿರುಳು ವಿಮಾನಗಳ ಸದ್ದಿದ್ದ ದೇವನಹಳ್ಳಿಯ ಆಕಾಶದಲ್ಲಿ ಮೇ ೨೫ರವರೆಗೆ ದೇಶದೊಳಗಿನ ಪ್ರಯಾಣಿಕ ವಿಮಾನಗಳು ಹಾರಲಿಲ್ಲ. ಹೂವಿನ ತೋಟದವರು ಕೊಳ್ಳುವವರಿಲ್ಲದೆ ಹೂವನ್ನು ಗಿಡದಲ್ಲಿಯೇ ಬಿಟ್ಟರು; ರಾಜ್ಯ ಸರ್ಕಾರವು ಮೇ ತಿಂಗಳಲ್ಲಿ ಹೂ ಬೆಳೆಗಾರರಿಗೆ ಹೆಕ್ಟೇರಿಗೆ ೨೫,೦೦೦ ರೂಪಾಯಿಯಂತೆ, ಗರಿಷ್ಠ ಒಂದು ಹೆಕ್ಟೇರಿಗೆ, ಪರಿಹಾರವನ್ನು ಘೋಷಿಸಿತು. ಇದು ಸರ್ಕಾರದ ದಯೆ, ಕರಾರಿನ ಹಕ್ಕಲ್ಲ. ಬಾಯಿಮಾತಿನಲ್ಲಿ ಮಾರುವವರಿಗೆ ತೋರಿಸಲು ಯಾವ ವಿಧಿಯೂ ಇರಲಿಲ್ಲ.

ದೊಡ್ಡಬಳ್ಳಾಪುರದ ವಿದ್ಯುತ್ ಮಗ್ಗದವನೊಬ್ಬನ ಸ್ಥಿತಿಯನ್ನು ಊಹಿಸಿಕೊಳ್ಳೋಣ. ಗೊತ್ತಾದ ದಿನಕ್ಕೆ ಸೀರೆಗಳನ್ನು ನೇಯ್ದುಕೊಡುವೆನೆಂದು ಆತನು ಒಪ್ಪಿದ್ದಾನೆ. ಆಜ್ಞೆಯಂತೆ ಮಗ್ಗ ನಿಂತಿತು. ಸೀರೆ ಕೊಡಲು ತಡವಾದುದಕ್ಕೆ ಆತನಿಗೆ ಸಮರ್ಥನೆಯುಂಟು. ಆದರೆ ಮಗ್ಗವಿರುವ ಕಟ್ಟಡದ ಬಾಡಿಗೆ? ಅಲ್ಲಿ ಕಟ್ಟಡವು ನಾಶವಾಗಿಲ್ಲ, ಆತನು ಅದನ್ನು ಬಿಟ್ಟುಕೊಟ್ಟೂ ಇಲ್ಲ. ಕರಾರಿನಲ್ಲಿ ವಿನಾಯಿತಿಯಿಲ್ಲದಿದ್ದರೆ, ಅಂಗಡಿ ಮುಚ್ಚಿದ್ದ ಮಾತ್ರಕ್ಕೆ ಬಾಡಿಗೆಯು ನಿಲ್ಲದೆಂದು ದೆಹಲಿಯ ಉಚ್ಚ ನ್ಯಾಯಾಲಯವು ೨೦೨೦ರ ಮೇ ತಿಂಗಳಲ್ಲಿ ಹೇಳಿತು. ಒಂದೇ ವಿಪತ್ತು, ಒಂದೇ ಮನುಷ್ಯ. ಒಂದು ಹೊಣೆಗೆ ಬಿಡುವುಂಟು, ಇನ್ನೊಂದಕ್ಕಿಲ್ಲ.

ನಿವೇಶನ ಮತ್ತು ಮನೆಗಳ ವಿಷಯದಲ್ಲಿ ೨೦೧೬ರ ಸ್ಥಿರಾಸ್ತಿ ಅಧಿನಿಯಮದ ೬ನೆಯ ಪ್ರಕರಣವು ಯುದ್ಧ, ಪ್ರವಾಹ, ಬರಗಾಲ, ಬೆಂಕಿ, ಚಂಡಮಾರುತ, ಭೂಕಂಪ ಹಾಗೂ ಇತರ ನೈಸರ್ಗಿಕ ವಿಪತ್ತುಗಳನ್ನು ಅನಿವಾರ್ಯ ಘಟನೆಗಳೆಂದು ಹೇಳುತ್ತದೆ. ೨೦೨೦ರ ಮೇ ೧೩ರಂದು ಕೇಂದ್ರ ಸರ್ಕಾರವು, ಮಾರ್ಚ್ ೨೫ ಅಥವಾ ತರುವಾಯ ಅವಧಿ ಮುಗಿಯುವ ಯೋಜನೆಗಳಿಗೆ ಆರು ತಿಂಗಳ ಹೆಚ್ಚಿನ ಕಾಲವನ್ನು ಕೊಡಬಹುದೆಂದು ಸಲಹೆಯಿತ್ತಿತು. ದೇವನಹಳ್ಳಿ, ಹೊಸಕೋಟೆಗಳ ಕಡೆ ಮನೆಗಾಗಿ ಸಾಲ ತೆಗೆದು ಕಂತು ಕಟ್ಟುವವರು ಈ ದಿನಾಂಕವನ್ನು ಗಮನಿಸಬೇಕು. ಅದಕ್ಕೆ ಮುಂಚೆಯೇ ಅವಧಿ ಮೀರಿದ್ದವರಿಗೆ ಈ ಸಲಹೆಯು ಆಸರೆಯಾಗಲಾರದು. ರಾಜಸ್ಥಾನದ ತೈಲಬಾವಿಗಳ ಕೆಲಸದ ಒಂದು ವ್ಯಾಜ್ಯದಲ್ಲಿ, ವ್ಯಾಧಿ ಬರುವ ಮೊದಲೇ ಕರಾರನ್ನು ತಪ್ಪಿದ್ದವನು ವ್ಯಾಧಿಯ ನೆಪವನ್ನು ಹೇಳಲಾಗದೆಂದು ದೆಹಲಿ ಉಚ್ಚ ನ್ಯಾಯಾಲಯವು ಅದೇ ತಿಂಗಳು ತೀರ್ಮಾನಿಸಿತು. ಕೇಳಿದಾಗ ಕೊಡದವನಿಗೆ ದೈವದ ರಕ್ಷಣೆಯಿಲ್ಲವೆಂಬ ಯಾಜ್ಞವಲ್ಕ್ಯನ ಮಾತೇ ಇದಲ್ಲವೆ?

೬

ಈಗ ದ್ರಾಕ್ಷಿಯ ತೋಟಕ್ಕೆ ಹಿಂದಿರುಗೋಣ. ಮಾತುಕತೆಯು ಎರಡು ಬಗೆಯಲ್ಲಿ ಆಗಿರಬಹುದು. ಹಣ್ಣನ್ನು ಕಿತ್ತಾಗ ತೂಕಕ್ಕೆ ಇಷ್ಟೆಂದು ಬೆಲೆ ಕಟ್ಟಿದ್ದರೆ, ಆಲಿಕಲ್ಲು ಬಿದ್ದ ದಿನ ಹಣ್ಣು ಇನ್ನೂ ರೈತನದೇ. ೧೯೩೦ರ ಸರಕು ಮಾರಾಟದ ಅಧಿನಿಯಮದಂತೆ, ಗೊತ್ತಾದ ಸರಕು ಮಾರುವವನ ಸ್ವತ್ತಾಗಿದ್ದಾಗಲೇ ಯಾರ ತಪ್ಪೂ ಇಲ್ಲದೆ ನಾಶವಾದರೆ ಕರಾರು ಶೂನ್ಯವಾಗುತ್ತದೆ. ರೈತನು ಹಣ್ಣನ್ನು ಕೊಡಬೇಕಾಗಿಲ್ಲ, ಆದರೆ ಮುಂಗಡವನ್ನು ಹಿಂದಿರುಗಿಸಬೇಕು. ಇದಕ್ಕೆ ಬದಲಾಗಿ, ಇಡೀ ಫಸಲನ್ನು ಒಂದು ಮೊತ್ತಕ್ಕೆ ವಹಿಸಿಕೊಟ್ಟು, ಅಂದಿನಿಂದಲೇ ಅದು ವ್ಯಾಪಾರಿಯದು, ಕಾವಲೂ ಅವನದು, ಲಾಭನಷ್ಟಗಳೂ ಅವನವೇ ಎಂದು ಮಾತಾಗಿದ್ದರೆ, ನಷ್ಟವು ವ್ಯಾಪಾರಿಯ ಪಾಲಿನದು; ಬಾಕಿಯನ್ನೂ ಆತನು ಕೊಡಬೇಕು. ಆಲಿಕಲ್ಲು ಎರಡರಲ್ಲಿಯೂ ಒಂದೇ. ನಷ್ಟವು ಹೊಕ್ಕ ಮನೆ ಮಾತ್ರ ಬೇರೆ. ಅದನ್ನು ನಿರ್ಧರಿಸಿದುದು ಆಕಾಶವಲ್ಲ, ತಿಂಗಳ ಹಿಂದೆ ಆಡಿದ ಅಥವಾ ಆಡದೆ ಬಿಟ್ಟ ಒಂದು ವಾಕ್ಯ.

ಮೂರನೆಯ ದಾರಿಯೂ ಒಂದುಂಟು. ಆಲಿಕಲ್ಲು, ಬಿರುಗಾಳಿಗಳಿಂದ ಫಸಲು ಹಾಳಾದರೆ ನಷ್ಟವನ್ನು ಇಬ್ಬರೂ ಗೊತ್ತಾದ ಪ್ರಮಾಣದಲ್ಲಿ ಹಂಚಿಕೊಳ್ಳತಕ್ಕದ್ದು ಎಂದು ಎರಡು ಸಾಲು ಬರೆಯಬಹುದು. ಹೀಗೆ ಬರೆದರೆ ಕಾನೂನು ಅದನ್ನು ಗೌರವಿಸುವುದು. ವಾರದ ಪದ್ಧತಿಯಲ್ಲಿದ್ದ ಹಂಚಿಕೊಳ್ಳುವ ಗುಣವನ್ನು ಕಾಗದದ ಕರಾರಿಗೆ ತರುವ ಮಾರ್ಗವಿದು.

ಅನಿವಾರ್ಯಘಟನಾ ವಿಧಿಯು ವಿಪತ್ತನ್ನು ತಡೆಯಲಾರದು, ನಷ್ಟವನ್ನು ಇಲ್ಲದಂತೆ ಮಾಡಲಾರದು. ಬಂದ ನಷ್ಟವನ್ನು ಯಾರು ಹೊರಬೇಕೆಂಬುದನ್ನು ಮಾತ್ರ ಅದು ಮುಂದಾಗಿ ಹೇಳುತ್ತದೆ. ಕರಾರನ್ನು ಬರೆಯುವವನು ಸಾಮಾನ್ಯವಾಗಿ ಬಲವಂತನಾದ ಪಕ್ಷದವನು. ಪಟ್ಟಿಯಲ್ಲಿ ಅವನ ಕಷ್ಟಗಳಿಗೆ ಸ್ಥಾನ ದೊರೆಯುವಷ್ಟು ಸುಲಭವಾಗಿ ಎದುರು ಪಕ್ಷದ ಕಷ್ಟಗಳಿಗೆ ದೊರೆಯುವುದಿಲ್ಲ. ಕಟ್ಟಡದವನಿಗೆ ತಡಮಾಡಲು ಬಿಡುವಿರುವಲ್ಲಿ ಕೊಳ್ಳುವವನಿಗೆ ಕಂತನ್ನು ತಡಮಾಡಲು ಬಿಡುವಿದೆಯೆ ಎಂದು ಓದಿ ನೋಡಬೇಕು. ಅಧ್ಯಾಪಕರು ತಮ್ಮ ತರಗತಿಗಳಲ್ಲಿ ಒಂದು ದಿನ ನಿಜವಾದ ಕರಾರುಪತ್ರವೊಂದರ ಈ ಭಾಗವನ್ನು ಹೆಸರುಗಳನ್ನು ಮರೆಮಾಡಿ ಓದಿಸಿದರೆ, ಚರಿತ್ರೆಯ ವಿದ್ಯಾರ್ಥಿಗೂ ವಾಣಿಜ್ಯದ ವಿದ್ಯಾರ್ಥಿಗೂ ಸಮಾನವಾದ ಪ್ರಯೋಜನವುಂಟು. ಆ ವಿದ್ಯಾರ್ಥಿಗಳು ಸಂಜೆ ಮನೆಗೆ ಹೋಗಿ, ಪೆಟ್ಟಿಗೆಯಲ್ಲಿರುವ ಕಾಗದವನ್ನು ತೆಗೆದು ತಮ್ಮ ತಂದೆತಾಯಿಗಳಿಗೆ ಓದಿ ಹೇಳಿದರೆ, ಈ ಲೇಖನದ ಉದ್ದೇಶವು ಸಫಲವಾದಂತೆ.